ಹೆಸರು ಬೊಂಬಾಯಿ, ಹುಟ್ಟೂರು ಉತ್ತರ ಕನ್ನಡ



“ನಿಮ್ಮ ಊರು ಯಾವುದು?” ಎಂದು ಯಾರಾದರೂ ಕೇಳಿದಾಗ ನೀವು “ಡೊಂಬಿವಲಿ” ಎಂದರೆ, “ಅದಲ್ಲ, ಮೂಲ ಊರು?” ಎಂಬ ಮರುಪ್ರಶ್ನೆ ಬಂದೇ ಬರುತ್ತದೆ. ಊರಿಗೆ ಹೋದರೆ ಅಲ್ಲಿ ನೀವು ‘ಬೊಂಬಾಯಿಯವರು’. ಇದೇ ಪೇಚಿಗೆ ಸಿಕ್ಕಿದ ಪುಟ್ಟ ಜೀವಿಯೊಂದನ್ನು ಈ ಸಲ ಪರಿಚಯ ಮಾಡಿಕೊಳ್ಳೋಣ.

ಅದೊಂದು ಪೊದೆಗಪ್ಪೆ, ಮರಗಪ್ಪೆಗಳ ಕುಟುಂಬಕ್ಕೆ ಸೇರಿದ್ದು. ಶಾಸ್ತ್ರೀಯ ಹೆಸರು ‘ರಾವೋರ್ಕೆಸ್ಟಿಸ್ ಬಾಂಬಾಯೆನ್ಸಿಸ್’. ಬಾಂಬಾಯೆನ್ಸಿಸ್ ಅಂದರೆ ಬೊಂಬಾಯಿಯದು. ಆದರೆ ಅದು ವಿಜ್ಞಾನಿಗಳ ಕಣ್ಣಿಗೆ ಬಿದ್ದದ್ದು ನಮ್ಮ ನಗರದಲ್ಲಲ್ಲ. ಲೋಂಡಾ ದಾಟಿ ಗೋವೆಗೆ ಹೋಗುವ ರೈಲು ಘಟ್ಟ ಇಳಿಯುವ ಮುನ್ನ ಸಿಗುವ ಕ್ಯಾಸಲ್ ರಾಕ್‌ನಲ್ಲಿ. 1919ರಲ್ಲಿ ಅದನ್ನು ವರ್ಣಿಸಿ ಹೆಸರಿಟ್ಟವರು ಭಾರತೀಯ ಪ್ರಾಣಿ ಸರ್ವೇಕ್ಷಣಾ ಸಂಸ್ಥೆಯ ಮೊದಲ ನಿರ್ದೇಶಕ ನೆಲ್ಸನ್ ಆನಂಡೇಲ್. ಆಗ ಉತ್ತರ ಕನ್ನಡ ಜಿಲ್ಲೆ ಮುಂಬಯಿ ಪ್ರಾಂತದಲ್ಲಿತ್ತು. 1956ರ ನವೆಂಬರ್ 1ರಂದು ಅದು ಮೈಸೂರು ರಾಜ್ಯಕ್ಕೆ ಸೇರಿತು. ಕಪ್ಪೆಗೆ ಮಾತ್ರ ಬೊಂಬಾಯಿಯ ಹೆಸರೇ ಉಳಿಯಿತು.

ಹೆಸರಿನ ಮೊದಲ ಭಾಗದಲ್ಲಿರುವ ‘ರಾವ್’ ಯಾರು ಗೊತ್ತೇ? ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ಪ್ರಾಣಿಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಸಿ. ಆರ್. ನಾರಾಯಣ ರಾವ್. ದಕ್ಷಿಣ ಭಾರತದ ಕಪ್ಪೆಗಳ ಅಧ್ಯಯನಕ್ಕೆ ಬುನಾದಿ ಹಾಕಿದವರಲ್ಲಿ ಒಬ್ಬರು. 1932ರಲ್ಲಿ ಹುಟ್ಟಿದ ‘ಕರೆಂಟ್ ಸೈನ್ಸ್’ ಪತ್ರಿಕೆಯ ಮೊದಲ ಸಂಪಾದಕರೂ ಹೌದು. ಅವರ ಗೌರವಾರ್ಥ 2010ರಲ್ಲಿ ಈ ಕುಲಕ್ಕೆ ಹೊಸ ಹೆಸರಿಡಲಾಯಿತು. ಹೀಗೆ ಬೆಂಗಳೂರು, ಬೊಂಬಾಯಿ ಎರಡೂ ಒಂದೇ ಕಪ್ಪೆಯ ಹೆಸರಿನಲ್ಲಿ ಕೂಡಿಕೊಂಡವು!

ಶಾಲೆಯಲ್ಲಿ ನಾವು ಓದಿದ್ದು ಮೊಟ್ಟೆ, ಗೊದಮೊಟ್ಟೆ, ಕಪ್ಪೆ ಎಂಬ ಕ್ರಮ. ಈ ಕುಲದ ಕಪ್ಪೆಗಳ ಕ್ರಮ ಬೇರೆ. ಘಟ್ಟದಲ್ಲಿ ಹಳ್ಳ-ತೊರೆ ಎಷ್ಟು ಹರಿದರೂ ಇವು ನೀರಿನಲ್ಲಿ ಮೊಟ್ಟೆ ಇಡುವುದಿಲ್ಲ. ಮರಿ ಮೊಟ್ಟೆಯೊಳಗೇ ಬೆಳೆದು, ಪುಟಾಣಿ ಕಪ್ಪೆಯಾಗಿಯೇ ಹೊರಗೆ ಬರುತ್ತದೆ. ಅದಕ್ಕೆ ಕೆರೆ ಬೇಡ; ಆದರೆ ಕಾಡಿನ ತೇವ ಬೇಕೇ ಬೇಕು. ಮರ ಕಡಿದು ನೆಲ ಒಣಗಿದರೆ ಮೊಟ್ಟೆಯೂ ಒಣಗುತ್ತದೆ. ಆಮೇಲೆ ಹೆಸರು ಪುಸ್ತಕದಲ್ಲಷ್ಟೇ ಉಳಿದೀತು.

ನಮ್ಮ ಹೆಸರಿನ ಹಿಂದೆ ಅಂಟಿಕೊಂಡಿರುವ ಊರೂ ಹಾಗೆಯೇ ಅಲ್ಲವೇ? ಹೋಗಿ ಬಂದು, ಅಲ್ಲಿಯ ಮಾತು ಆಡುತ್ತಿದ್ದರೆ ಮಾತ್ರ ಅದಕ್ಕೆ ಜೀವ.

ಮುಂದಿನ ಚೌತಿಗೆ ಊರಿಗೆ ಹೋದಾಗ, ರಾತ್ರಿ ಟಿ.ವಿ. ಆರಿಸಿ ಜಗಲಿಯಲ್ಲಿ ಕುಳಿತು ಪೊದೆಗಳತ್ತ ಕಿವಿಗೊಡಿ. ಕೂಗುವ ಕಪ್ಪೆಗಳಿಗೆ ನಿಮ್ಮ ಮನೆಮಾತಿನಲ್ಲಿ ಏನೇನು ಹೆಸರಿದೆ ಎಂದು ಅಜ್ಜಿಯನ್ನು ಕೇಳಿ, ನಮಗೆ ಬರೆದು ತಿಳಿಸಿ.