ಐತಿ, ಅದ, ಇದೆ

ಇಳಕಲ್ಲಿನಲ್ಲಿ ನಾನು ಸಾಲಿಗೆ ಹೋಗುತ್ತಿದ್ದ ಕಾಲಕ್ಕೆ ನಮ್ಮ ಪುಸ್ತಕದಲ್ಲಿ ಈರುಳ್ಳಿ ಎಂಬ ತರಕಾರಿ ಇತ್ತು. ಚಿತ್ರ ನೋಡಿದರೆ ಥೇಟ್ ಉಳ್ಳಾಗಡ್ಡಿಯ ಹಾಗೆ. ಆದರೆ ಹೆಸರು ಬೇರೆಯಾದ ಮೇಲೆ ಪದಾರ್ಥವೂ ಬೇರೆಯೇ ಇರಬೇಕು, ಮೈಸೂರು ಕಡೆ ಬೆಳೆಯುವ ಯಾವುದೋ ದುಬಾರಿ ಗಡ್ಡೆ ಇರಬೇಕು ಎಂದುಕೊಂಡು ಎರಡು ವರ್ಷ ಕಳೆದೆ. ಒಂದು ದಿನ ಮಾಸ್ತರರು ಚಿತ್ರ ತೋರಿಸಿ ಇದೇನು ಎಂದು ಕೇಳಿದರು. ಹಿಂದಿನ ಸಾಲಿನ ಹುಡುಗ ಎದ್ದು ನಿಂತು, ‘ಉಳ್ಳಾಗಡ್ಡಿರಿ ಸರ’ ಎಂದ. ‘ಅದು ಮನಿ ಮಾತಲೇ, ಶುದ್ಧ ಹೇಳು’ ಎಂದರು ಮಾಸ್ತರರು. ಶುದ್ಧ ಹೇಳು ಎಂದವರ ಬಾಯಲ್ಲೂ ಬಂದದ್ದು ‘ಮನಿ’, ‘ಮನೆ’ ಅಲ್ಲ. ಈ ತಮಾಷೆ ಹೊಳೆಯಲು ನನಗೆ ಮೂವತ್ತು ವರ್ಷ ಹಿಡಿಯಿತು.

ಆ ‘ಮನಿ ಮಾತಿ’ಗೆ ಓದಿದವರು ಇಟ್ಟ ಹೆಸರು ಉಪಭಾಷೆ. ‘ಉಪ’ ಎಂದೊಡನೆ ನಮಗೆ ಕೆಳಗಿನ ಕುರ್ಚಿ ನೆನಪಾಗುತ್ತದೆ: ಉಪಾಧ್ಯಕ್ಷ, ಉಪವಿಭಾಗ. ನನಗೆ ಮಾತ್ರ ಉಪನದಿ ನೆನಪಾಗುತ್ತದೆ. ಪಟ್ಟದಕಲ್ಲು, ಐಹೊಳೆಗಳ ಮಗ್ಗುಲಿಂದ ಹರಿದು ಬರುವ ಮಲಪ್ರಭೆ ಕೂಡಲಸಂಗಮದಲ್ಲಿ ಕೃಷ್ಣೆಯನ್ನು ಸೇರುತ್ತಾಳೆ. ಮಲಪ್ರಭೆ ಕೃಷ್ಣೆಗೆ ನೀರು ಕೊಡುವವಳು, ಕೃಷ್ಣೆಯಿಂದ ಹುಟ್ಟಿದವಳಲ್ಲ. ಮಾತಿನ ವಿಷಯದಲ್ಲಿ ಮಾತ್ರ ನಾವು ಇದನ್ನು ತಿರುವುಮುರುವು ಮಾಡಿಕೊಂಡಿದ್ದೇವೆ. ಎಲ್ಲೋ ಒಂದು ಶುದ್ಧ ಕನ್ನಡ ಇತ್ತು, ಅದು ಊರೂರಿಗೆ ಹರಿದು ಹೋಗಿ ಕೆಟ್ಟಿತು ಎಂದು ನಂಬಿದ್ದೇವೆ. ನಡೆದದ್ದು ಬೇರೆ: ಹತ್ತಾರು ಆಡುಮಾತುಗಳಿದ್ದವು, ಅವುಗಳಲ್ಲಿ ಒಂದೆರಡನ್ನು ಆರಿಸಿ ತಿದ್ದಿ ಬರವಣಿಗೆಗೆ ಕೂರಿಸಿದರು.

ಯಾವ ಉಪಭಾಷೆ ಎಲ್ಲಿ ಆಡುತ್ತಾರೆ ಎಂದು ಕೇಳಿದರೆ ಪಂಡಿತರ ಬಳಿ ಸಿದ್ಧ ಉತ್ತರವಿದೆ. ಮೈಸೂರು, ಮಂಗಳೂರು, ಧಾರವಾಡ, ಕಲಬುರಗಿ ಎಂದು ನಾಲ್ಕು ಪಾಲು. ಪಾಠ ಹೇಳಲು ಇದು ಅನುಕೂಲ. ಬಾದಾಮಿಯಲ್ಲಿ ಬಸ್ಸು ಹತ್ತಿ ಪಟ್ಟದಕಲ್ಲು, ಐಹೊಳೆ, ಅಮೀನಗಡ, ಹುನಗುಂದ ದಾಟಿ ಇಳಕಲ್ಲಿಗೆ ಬಂದವರಿಗೆ ಮಾತ್ರ ಈ ನಕಾಶೆಯ ಗೆರೆ ಎಲ್ಲೂ ಕಾಣದು. ಮೈಸೂರಿನವರು ‘ಮಾಡ್ತಾ ಇದಾನೆ’ ಎನ್ನುವಲ್ಲಿ ಬಸ್ಸಿನ ಉದ್ದಕ್ಕೂ ‘ಮಾಡಾಕತ್ತಾನ’ ಕೇಳುತ್ತದೆ. ಹಾಗಂತ ಎಲ್ಲರ ಬಾಯಲ್ಲೂ ಒಂದೇ ಅಲ್ಲ. ‘ಇದೆ’ ಎನ್ನಲು ನಮ್ಮಲ್ಲಿ ಹೆಚ್ಚಿನವರು ‘ಐತಿ’ ಎನ್ನುತ್ತಾರೆ. ಅದೇ ಓಣಿಯ ಆಚೆ ತುದಿಯ ಬ್ರಾಹ್ಮಣರ ಮನೆಯಲ್ಲಿ ‘ಅದ’. ಈ ‘ಅದ’ವೇ ಕಲಬುರಗಿ, ಬೀದರಿನ ಕಡೆಗೆ ಹೋದಂತೆ ಎಲ್ಲ ಜಾತಿಯವರ ಮಾತಾಗಿಬಿಡುತ್ತದೆ. ಹಾಗಾದರೆ ‘ಅದ’ ಎಂಬುದು ಸೀಮೆಯ ಗುರುತೋ, ಜಾತಿಯ ಗುರುತೋ? ಒಂದು ಕಡೆ ಅದು, ಇನ್ನೊಂದು ಕಡೆ ಇದು. ಇನ್ನು ತಾಂಡಾದ ಹೆಣ್ಣುಮಗಳು ಮನೆಯಲ್ಲಿ ಲಂಬಾಣಿ ಆಡಿ ಸಂತೆಗೆ ಬಂದು ‘ಐತಿ’ ಎನ್ನುತ್ತಾಳೆ. ದಖನಿ ಆಡುವ ಮುಸಲ್ಮಾನರ ಅಂಗಡಿಯಲ್ಲೂ ‘ಐತಿ’. ಅವರ ಕನ್ನಡವನ್ನು ಯಾವ ಪಾಲಿಗೆ ಹಾಕುವುದು?

ಇಳಕಲ್ಲಿನ ಕುಣಿಮಗ್ಗದ ಮುಂದೆ ಕೂತು ನೋಡಿದವರಿಗೆ ಗೊತ್ತು, ಸೀರೆಯ ಒಡಲಿನ ಹಾಸು ಬೇರೆ, ಸೆರಗಿನ ಹಾಸು ಬೇರೆ. ಎರಡನ್ನೂ ಎಳೆಎಳೆಯಾಗಿ ಒಂದಕ್ಕೊಂದು ಸಿಕ್ಕಿಸಿ ಕೂಡಿಸುವುದಕ್ಕೆ ಕೊಂಡಿ ಎನ್ನುತ್ತಾರೆ. ಬೆರಳಾಡಿಸಿದರೆ ಇಲ್ಲಿಗೆ ಒಡಲು ಮುಗಿಯಿತು, ಇಲ್ಲಿಂದ ಸೆರಗು ಎಂದು ತೋರಿಸಬಹುದು. ಮಾತಿನಲ್ಲಿ ಅಂಥ ಕೊಂಡಿ ಹಾಕಿದ ಜಾಗ ಇಲ್ಲ. ‘ದಡಿ’ ಎಂಬ ಮಾತು ಎಲ್ಲಿ ನಿಂತು ‘ಅಂಚು’ ಶುರುವಾಗುತ್ತದೋ ಅಲ್ಲೇ ‘ತತ್ತಿ’ ನಿಂತು ‘ಮೊಟ್ಟೆ’ ಶುರುವಾಗಬೇಕೆಂಬ ಕರಾರಿಲ್ಲ. ಪ್ರತಿ ಮಾತಿಗೂ ಅದರದೇ ಗಡಿ. ಸರ್ಕಾರದ ಗಡಿಗೂ ಅದು ಕಾಯುವುದಿಲ್ಲ. ಇಳಕಲ್ಲು ಮುಂಬಯಿ ಕರ್ನಾಟಕದಲ್ಲಿತ್ತು, ಪಕ್ಕದ ಕುಷ್ಟಗಿ 1948ರವರೆಗೆ ನಿಜಾಮರ ರಾಜ್ಯದಲ್ಲಿ. ಕಚೇರಿಯ ಕಾಗದ ಬೇರೆ, ನಾಣ್ಯ ಬೇರೆ. ಹೆಣ್ಣು ಕೊಟ್ಟು ತರುವುದು ಮಾತ್ರ ಆಚೀಚೆ ನಡೆದೇ ಇತ್ತು, ಅದರ ಜೊತೆಗೆ ಮಾತೂ.

ಇಲ್ಲಿ ಒಂದು ಹಳೆಯ ಸಂಗತಿಯನ್ನು ಎತ್ತಲೇಬೇಕು. ಸುಮಾರು ಕ್ರಿ.ಶ. 850ರ ಕವಿರಾಜಮಾರ್ಗವು ಕನ್ನಡದ ತಿರುಳು ಎಲ್ಲಿದೆ ಎಂದು ಹೇಳುವಾಗ ನಾಲ್ಕು ಊರುಗಳನ್ನು ಹೆಸರಿಸುತ್ತದೆ: ಕಿಸುವೊಳಲ್, ಕೊಪಣ, ಪುಲಿಗೆರೆ, ಒಂಕುಂದ. ಕಿಸುವೊಳಲ್ ಎಂದರೆ ನಮ್ಮ ಬಾದಾಮಿ ತಾಲ್ಲೂಕಿನ ಪಟ್ಟದಕಲ್ಲು, ಕೊಪಣ ಇಂದಿನ ಕೊಪ್ಪಳ, ಪುಲಿಗೆರೆ ಲಕ್ಷ್ಮೇಶ್ವರ. ಒಂಕುಂದ ಬೈಲಹೊಂಗಲದ ಕಡೆಯದು. ಆಗಿನ ರಾಷ್ಟ್ರಕೂಟ ರಾಜನಿದ್ದದ್ದು ಮಳಖೇಡದಲ್ಲಿ, ತಿರುಳ್ಗನ್ನಡ ಮಾತ್ರ ಇಲ್ಲಿಯದು. ಅದಕ್ಕೂ ಮುಂಚೆ, ಬಾದಾಮಿಯ ಮೂರನೇ ಗುಹೆಯ ಬಳಿ ಚಾಲುಕ್ಯ ದೊರೆ ಮಂಗಳೇಶ ಕನ್ನಡದಲ್ಲಿ ಶಾಸನ ಹಾಕಿಸಿದ್ದಾನೆ. ಅದೇ ಊರಿನ ಬಂಡೆಯ ಮೇಲೆ ಸುಮಾರು 700ರ ಕಪ್ಪೆ ಅರಭಟ್ಟನ ಶಾಸನ ತ್ರಿಪದಿಯಲ್ಲಿದೆ. ಸಾವಿರದ ಇನ್ನೂರು ವರ್ಷದ ಹಿಂದೆ ಮಾದರಿ ಎನಿಸಿಕೊಂಡ ಸೀಮೆಯ ಹುಡುಗನಿಗೆ ಇಂದು ಶುದ್ಧ ಹೇಳು ಎನ್ನುತ್ತಾರೆ. ಅದೇ ಸೀಮೆಯ ಮಾತು ಸಿನಿಮಾದಲ್ಲಿ ನಗಿಸುವವನ ಪಾಲಿಗೆ ಬರುತ್ತದೆ.

ನಮ್ಮವರು ಈ ಮಾತನ್ನು ವೇದಿಕೆಯ ಮೇಲೆ ಎದೆತಟ್ಟಿ ಹೇಳುತ್ತಾರೆ, ‘ಖರೇ ಕನ್ನಡ ನಮ್ಮದ’ ಎನ್ನುತ್ತಾರೆ. ನನಗೆ ಅದು ಒಪ್ಪಿಗೆಯಿಲ್ಲ. ಮಾಸ್ತರರ ತಪ್ಪನ್ನೇ ತಿರುಗಿಸಿ ಹಾಕಿದಂತಾಯಿತು ಅಷ್ಟೆ. ‘ಮನೆ’ ಎಂಬುದು ಹಳೆಯದು, ‘ಮನಿ’ ನಾವು ಆಮೇಲೆ ಮಾಡಿಕೊಂಡದ್ದು. ಈ ಲೆಕ್ಕದಲ್ಲಿ ಮೈಸೂರಿನವರೇ ಹಳಬರು. ವಚನಕಾರರು ಬಳಸಿದ ‘ಒಲ್ಲೆ’ಯನ್ನು ಮೈಸೂರಿನ ಆಡುಮಾತು ಬಹುಮಟ್ಟಿಗೆ ಬಿಟ್ಟಿತು, ನಮ್ಮಲ್ಲಿ ಮೂರು ವರ್ಷದ ಕೂಸೂ ‘ನಾ ಒಲ್ಲೆ’ ಎಂದು ತಟ್ಟೆ ಸರಿಸುತ್ತದೆ. ಈ ಲೆಕ್ಕದಲ್ಲಿ ನಾವು. ಒಂದೊಂದು ಸೀಮೆ ಒಂದೊಂದನ್ನು ಉಳಿಸಿಕೊಂಡಿದೆ, ಇನ್ನೊಂದನ್ನು ಕಳೆದುಕೊಂಡಿದೆ. ಎರವಲಿನ ಮಾತೂ ಹಾಗೇ. ಪಗಾರ, ಖೋಲಿ, ಬಟಾಟಿ ಮರಾಠಿಯಿಂದ ಬಂದವು, ನಿಜ. ಆಲೂಗಡ್ಡೆಯ ‘ಆಲೂ’ ಏನು ಶ್ರೀರಂಗಪಟ್ಟಣದಲ್ಲಿ ಹುಟ್ಟಿತೇ? ತಿರುಳು ಎಂದು ಹೇಳಿದ ಕವಿರಾಜಮಾರ್ಗಕಾರನೇ ದೇಸಿಗಳ ಬಗೆಗಳನ್ನು ಹೇಳಹೊರಟರೆ ಸರ್ಪರಾಜ ವಾಸುಕಿಗೂ ಬೇಸರ ಬಂದೀತು ಎಂದು ಕೈಚೆಲ್ಲಿದ್ದಾನೆ. ಆತನಿಗೆ ಕಿವಿ ಇತ್ತು.

ಹಾಗಾದರೆ ಒಂದು ಸೀಮೆಯ ಮಾತು ಮೇಲೇರಿ ಇನ್ನೊಂದರದು ಕೆಳಗಿಳಿಯುವುದೇಕೆ? ಮಾತಿನೊಳಗೆ ಕಾರಣ ಹುಡುಕಿದರೆ ಸಿಗುವುದಿಲ್ಲ. ಸಿಂಹಾಸನ, ಸಾಲಿ, ಅಚ್ಚುಕೂಟಗಳ ಕಡೆ ನೋಡಬೇಕು. 1956ರ ನವೆಂಬರ್ 1ಕ್ಕೆ ಮುಂಬಯಿ, ಹೈದರಾಬಾದು, ಮೈಸೂರುಗಳ ಕನ್ನಡಿಗರು ಒಂದಾದರು. ರಾಜಧಾನಿ ಬೆಂಗಳೂರು, ಅಲ್ಲೇ ಕಚೇರಿ, ಅಲ್ಲೇ ಸಿನಿಮಾ. ಹುನಗುಂದ ತಾಲ್ಲೂಕಿನ ಸೂಳೇಭಾವಿಯ ಪಿ.ಬಿ. ಧುತ್ತರಗಿಯವರ ‘ಸಂಪತ್ತಿಗೆ ಸವಾಲ್’ ನಾಟಕ ನಮ್ಮ ಕಂಪನಿ ರಂಗಭೂಮಿಯಲ್ಲಿ ಮೆರೆದದ್ದು. 1974ರಲ್ಲಿ ರಾಜಕುಮಾರರ ಸಿನಿಮಾ ಆದಾಗ ಕಥೆ ಉಳಿಯಿತು, ಮಾತು ತೆಂಕಣ ಸೀಮೆಯದಾಯಿತು. ಇದರಲ್ಲಿ ಯಾರ ಸಂಚೂ ಇಲ್ಲ. ನೋಡುವವರು, ಹಣ ಹಾಕುವವರು ಎಲ್ಲಿದ್ದರೋ ಅಲ್ಲಿನ ಮಾತು ಬಂತು.

ಇಟಲಿಯಲ್ಲಿ ಇದೇ ಕಥೆ ಇನ್ನೂ ಖಡಕ್ಕಾಗಿ ನಡೆದಿದೆ. ಮಿಲಾನ್ ನಗರದ ಸುತ್ತ ಆಡುವ ಲೊಂಬಾರ್ಡಿಗೆ ಪಡುವಣ, ಮೂಡಣ ಎಂದು ಎರಡು ದೊಡ್ಡ ಕವಲುಗಳು. ಬೆರ್ಗಾಮೊ, ಬ್ರೆಶಿಯಾದವರ ಮಾತು ಮಿಲಾನಿನವರ ಕಿವಿಗೆ ಒರಟು. ಪಡುವಣ ಕವಲು ದೇಶದ ಗಡಿ ದಾಟಿ ಸ್ವಿಟ್ಜರ್ಲೆಂಡಿನ ಟಿಚಿನೋದಲ್ಲೂ ಇದೆ. ಮಿಲಾನಿನವನೇ ಆದ ಕಾದಂಬರಿಕಾರ ಮಂಝೋನಿ 1827ರಲ್ಲಿ ಅಚ್ಚಾದ ತನ್ನ ಕಾದಂಬರಿಯನ್ನು ಫ್ಲಾರೆನ್ಸಿನ ಮಾತಿಗೆ ಹೊಂದಿಸಿ ಇಡಿಯಾಗಿ ತಿದ್ದಿ, 1840ರಿಂದ ಮತ್ತೆ ಹೊರತಂದ. ಮಿಲಾನ್ ಬಡ ಊರೇನಲ್ಲ, ದುಡ್ಡಿನ ಊರು. ಆದರೂ ಬರವಣಿಗೆಯ ಗೌರವ ಫ್ಲಾರೆನ್ಸಿಗೆ. 1999ರ ಕಾನೂನು ಹನ್ನೆರಡು ಅಲ್ಪಸಂಖ್ಯಾತ ಭಾಷೆಗಳಿಗೆ ಮನ್ನಣೆ ಕೊಟ್ಟಾಗಲೂ ಲೊಂಬಾರ್ಡ್ ಆ ಪಟ್ಟಿಯಲ್ಲಿ ಇರಲಿಲ್ಲ. ನಮ್ಮ ಜನಗಣತಿಯೂ ನೀಲಗಿರಿಯ ಬಡಗ ಮಾತನ್ನು ಕನ್ನಡದ ಕೆಳಗೆ ಎಣಿಸುತ್ತದೆ. ಅದು ಬೇರೆಯೇ ಭಾಷೆ ಎನ್ನುವ ವಿದ್ವಾಂಸರಿದ್ದಾರೆ. ‘ಇದೆ’ಯವರು ನಮಗೆ ಮಾಡಿದ್ದನ್ನು ನಾವು ಬಡಗರಿಗೆ ಮಾಡುತ್ತಿಲ್ಲ ಎಂದು ಖಾತ್ರಿಯಾಗಿ ಹೇಳುವ ಧೈರ್ಯ ನನಗಿಲ್ಲ.

ಎಲ್ಲರೂ ಅವರವರ ಊರಿನ ಹಾಗೆ ಬರೆಯಲಿ ಎಂದು ನಾನು ಹೇಳುತ್ತಿಲ್ಲ. ಬೀದರಿನ ರೈತ ಓದಬೇಕಾದ ಬೆಳೆವಿಮೆಯ ಕಾಗದವನ್ನು ಚಾಮರಾಜನಗರದವನೂ ಓದಬೇಕು. 31 ಜಿಲ್ಲೆಗೆ ಒಂದು ಬರಹದ ಕನ್ನಡ ಬೇಕೇ ಬೇಕು. ನಾನೂ ಈ ಪ್ರಬಂಧವನ್ನು ಅದರಲ್ಲೇ ಬರೆದಿದ್ದೇನೆ, ನಡುನಡುವೆ ಕೈ ಜಾರಿದ್ದು ಬಿಟ್ಟರೆ. ನನ್ನ ತಕರಾರು ಎರಡೇ. ಬರಹದ ಕನ್ನಡ ಒಂದು ಏರ್ಪಾಡು, ಅದನ್ನು ಶುದ್ಧಿಯ ಅಳತೆಗೋಲು ಮಾಡಬಾರದು. ಇನ್ನೊಂದು, ಸಾಲಿಯ ಮೊದಲ ವರ್ಷದ ಕೂಸಿಗೆ ಅದನ್ನು ಹೇರುವ ರೀತಿ. 2020ರ ರಾಷ್ಟ್ರೀಯ ಶಿಕ್ಷಣ ನೀತಿ ಐದನೇ ತರಗತಿಯವರೆಗಾದರೂ ಸಾಧ್ಯವಾದಲ್ಲೆಲ್ಲ ಮನೆಮಾತಿನಲ್ಲಿ ಕಲಿಸಬೇಕು ಎನ್ನುತ್ತದೆ. ಹುನಗುಂದದ ಹುಡುಗಿಯ ಮನೆಮಾತು ಕನ್ನಡ ಎಂದು ಫಾರಂ ತುಂಬಿ ಎಲ್ಲರೂ ಸುಮ್ಮನಾಗುತ್ತೇವೆ. ಅವಳ ಅವ್ವ ‘ರೊಟ್ಟಿ ಬಡಿ’ ಎನ್ನುತ್ತಾಳೆ, ಪುಸ್ತಕ ‘ರೊಟ್ಟಿ ತಟ್ಟು’ ಎನ್ನುತ್ತದೆ. ಅಕ್ಷರ ಕಲಿಯುವ ಕಷ್ಟದ ಜೊತೆಗೆ, ತನ್ನ ಅವ್ವ ತಪ್ಪು ಮಾತಾಡುತ್ತಾಳೆ ಎಂಬುದನ್ನೂ ಅವಳು ಅದೇ ವಾರ ಕಲಿಯಬೇಕು. ಚಿತ್ರದ ಕೆಳಗೆ ಎರಡೂ ಹೆಸರು ಅಚ್ಚು ಹಾಕಿದರೆ ಖರ್ಚೇನೂ ಬಾರದು.

ನನ್ನ ತಂಗಿಯ ಮೊಮ್ಮಗಳು ಈಗ ಎರಡನೇ ಇಯತ್ತೆ. ಮೊನ್ನೆ ಊಟಕ್ಕೆ ಕೂತಾಗ ಉಳ್ಳಾಗಡ್ಡಿಯನ್ನು ಗುದ್ದಿ ಒಡೆದು ಅವಳ ತಟ್ಟೆಗೆ ಹಾಕುತ್ತಾ, ‘ಇದಕ್ಕೇನಂತಾರವಾ?’ ಎಂದು ಕೇಳಿದೆ. ಅವಳು ತಲೆ ಎತ್ತದೆ ಹೇಳಿದಳು: ‘ಪುಸ್ತಕದಾಗ ಈರುಳ್ಳಿ, ರೊಟ್ಟಿ ಜೋಡಿ ಉಳ್ಳಾಗಡ್ಡಿ, ಅಜ್ಜಾ.’