ಸದ್ದಿನ ಮೂಲ

2021ನೆಯ ಇಸವಿಯ ನವೆಂಬರ್ 26ರಂದು ನಡುಹಗಲಿನ ವೇಳೆಗೆ ಬೆಂಗಳೂರಿನ ಪಶ್ಚಿಮ ಹಾಗೂ ನೈಋತ್ಯ ಭಾಗದ ಜನರು ಭಾರಿ ಸದ್ದೊಂದನ್ನು ಕೇಳಿ ಬೆಚ್ಚಿದರು. ಕೆಂಗೇರಿ, ಜ್ಞಾನಭಾರತಿ, ರಾಜರಾಜೇಶ್ವರಿನಗರ, ಹೆಮ್ಮಿಗೆಪುರ, ಕಗ್ಗಲೀಪುರ ಮೊದಲಾದ ಕಡೆಗಳಿಂದ ಒಂದೇ ಬಗೆಯ ವರದಿಗಳು ಬಂದವು. ಸದ್ದಿನೊಡನೆ ಲಘುವಾದ ಕಂಪನವೂ ಅನುಭವಕ್ಕೆ ಬಂದಿತೆಂದು ನಿವಾಸಿಗಳು ತಿಳಿಸಿದರು. ಭೂಕಂಪವೇ ಆಗಿರಬೇಕೆಂಬ ಭೀತಿ ಸಹಜವಾಗಿಯೇ ಹರಡಿತು.

ಕರ್ನಾಟಕ ರಾಜ್ಯ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರವು ತನ್ನ ಭೂಕಂಪಮಾಪಕಗಳ ದಾಖಲೆಯನ್ನು ಪರಿಶೀಲಿಸಿ, ಆ ಹೊತ್ತಿನಲ್ಲಿ ಭೂಕಂಪದ ಯಾವ ಕುರುಹೂ ಇಲ್ಲವೆಂದು ಪ್ರಕಟಿಸಿತು. ಭೂಕಂಪವಾದಾಗ ವೇಗವಾದ ಅಲೆಯೊಂದು ಮೊದಲು ಬರುತ್ತದೆ. ಅದರ ಬೆನ್ನಿಗೆ ನಿಧಾನವಾದ ಮತ್ತೊಂದು ಅಲೆ ಬರುತ್ತದೆ. ಈ ಜೋಡಿಯನ್ನು ಗುರುತಿಸುವುದು ತಜ್ಞರಿಗೆ ಕಷ್ಟವಲ್ಲ. ಆದುದರಿಂದ ಕೇಂದ್ರದ ಮಾತನ್ನು ಸಂಶಯಿಸಲು ಕಾರಣವಿಲ್ಲ. ಆದರೆ ಆ ಮಾತು ಅರ್ಧ ಉತ್ತರ ಮಾತ್ರ. ಏನಲ್ಲವೆಂಬುದನ್ನು ಅದು ತಿಳಿಸಿತು, ಏನೆಂಬುದನ್ನು ತಿಳಿಸಲಿಲ್ಲ. ನೆಲ ನಡುಗದೆ ಕಿಟಕಿಗಳು ನಡುಗಿದ್ದರೆ, ಅವನ್ನು ನಡುಗಿಸಿದ್ದು ಗಾಳಿಯೇ ಆಗಿರಬೇಕು. ನೆಲವನ್ನು ಅಳೆಯುವ ಉಪಕರಣವನ್ನು ಕೇಳಿ ಗಾಳಿಯ ಸುದ್ದಿಯನ್ನು ತಿಳಿಯಲು ಹೊರಟಂತಾಯಿತು.

ಗಾಳಿಯಲ್ಲಿ ಇಂತಹ ಸದ್ದು ಹುಟ್ಟಲು ಕಾರಣಗಳು ಹಲವು. ಅವುಗಳಲ್ಲಿ ಒಂದನ್ನು ಬೆಂಗಳೂರು ಅದಕ್ಕೆ ಹಿಂದಿನ ವರ್ಷವೇ ಕಂಡಿತ್ತು. 2020ರ ಮೇ 20ರಂದು ಮಧ್ಯಾಹ್ನ ಸುಮಾರು ಒಂದೂಕಾಲು ಗಂಟೆಯ ನಂತರ ನಗರದ ಬಹುಭಾಗದಲ್ಲಿ ಸ್ಫೋಟದಂತಹ ಸದ್ದು ಕೇಳಿಸಿತು. ನಾನಾ ಊಹೆಗಳು ಹಬ್ಬಿದ ಮೇಲೆ ರಕ್ಷಣಾ ಇಲಾಖೆಯ ಹೇಳಿಕೆ ಹೊರಬಿದ್ದಿತು. ವಾಯುದಳದ ಪರೀಕ್ಷಾ ವಿಮಾನವೊಂದು ನಗರದ ಆಚೆ, 36,000ದಿಂದ 40,000 ಅಡಿಗಳ ಎತ್ತರದಲ್ಲಿ, ಶಬ್ದಕ್ಕಿಂತ ಹೆಚ್ಚಿನ ವೇಗದಿಂದ ಕಡಿಮೆ ವೇಗಕ್ಕೆ ಇಳಿಯುತ್ತಿದ್ದಾಗ ಈ ಸದ್ದು ಉಂಟಾಗಿರಬಹುದೆಂದು ಅದರಲ್ಲಿ ವಿವರಿಸಲಾಗಿತ್ತು. ವಿಮಾನವು 65ರಿಂದ 80 ಕಿಲೋಮೀಟರ್ ದೂರದಲ್ಲಿದ್ದರೂ ಸದ್ದು ಕೇಳಿಸಬಲ್ಲದು. ಶಬ್ದವನ್ನು ಮೀರಿ ಧಾವಿಸುವ ವಸ್ತುವಿಗೆ ಮುಂದಿನ ಗಾಳಿ ದಾರಿ ಬಿಡಲು ಸಮಯವಿರುವುದಿಲ್ಲ. ಒತ್ತಿಹೋದ ಗಾಳಿ ಒಂದು ಅಲೆಯಾಗಿ ಹರಡಿ ಕಿವಿಗೂ ಕಿಟಕಿಗೂ ಬಡಿಯುತ್ತದೆ. ಇದೇ ಆಘಾತ ತರಂಗ.

ಉಲ್ಕೆಯೂ ಇದೇ ಕೆಲಸವನ್ನು ಮಾಡುತ್ತದೆ. ವಿಮಾನಕ್ಕೆ ಶಬ್ದದ ಎರಡು ಪಟ್ಟು ವೇಗವಿದ್ದರೆ ಉಲ್ಕೆಗೆ ಹಲವು ಹತ್ತು ಪಟ್ಟು ವೇಗವಿರುತ್ತದೆ. ಬಾನಿನಿಂದ ಕಲ್ಲು ಬೀಳುವುದು ಈ ಸೀಮೆಗೆ ಹೊಸದೇನೂ ಅಲ್ಲ. ಕೆಂಗೇರಿಯಿಂದ ಮೈಸೂರಿನ ದಾರಿ ಹಿಡಿದು ಹೋದರೆ ಸಿಗುವ ಮದ್ದೂರಿನ ಬಳಿ 1865ರ ಸೆಪ್ಟೆಂಬರ್ 21ರಂದು ಉಲ್ಕಾಶಿಲೆ ಬಿದ್ದಿತು. ಅಂದಿನ ಆಂಗ್ಲರ ಬರವಣಿಗೆಯ ದೋಷದಿಂದ ಅದು ಜಗತ್ತಿನ ಪಟ್ಟಿಗಳಲ್ಲಿ ಇಂದಿಗೂ ‘ಮುದ್ದೂರ್’ ಎಂದೇ ಉಳಿದಿದೆ. ಮರುವರ್ಷ ಉಡುಪಿಯಲ್ಲಿಯೂ ಒಂದು ಬಿದ್ದಿತು.

ಹಾಗೆಂದು ಪ್ರತಿಯೊಂದು ಸದ್ದಿಗೂ ಉಲ್ಕೆಯ ಹೆಸರನ್ನು ಹಚ್ಚುವುದು ಭೂಕಂಪವೆಂದು ಕೂಗುವುದಕ್ಕಿಂತ ಮೇಲಲ್ಲ. 2016ರ ಫೆಬ್ರವರಿಯಲ್ಲಿ ತಮಿಳುನಾಡಿನ ವೆಲ್ಲೂರು ಜಿಲ್ಲೆಯ ಕಾಲೇಜೊಂದರ ಆವರಣದಲ್ಲಿ ಸ್ಫೋಟವಾಗಿ ಒಬ್ಬ ಚಾಲಕನು ಮೃತನಾದನು. ಅದು ಉಲ್ಕಾಪಾತವೆಂದು ಅಲ್ಲಿನ ಸರ್ಕಾರ ಬೇಗನೆ ಘೋಷಿಸಿತು. ಚಿತ್ರಗಳನ್ನು ನೋಡಿದ ಅಮೆರಿಕದ ನಾಸಾ ಸಂಸ್ಥೆಯ ವಿಜ್ಞಾನಿಗಳಿಗಾದರೋ ಅದು ನೆಲದ ಮೇಲಿನ ಸ್ಫೋಟದಂತೆಯೇ ತೋರಿತು. ಹೆಸರು ಮೊದಲು, ಪರೀಕ್ಷೆ ಆಮೇಲೆ ಎಂಬ ಕ್ರಮದಲ್ಲಿ ಸತ್ಯಕ್ಕೆ ಎಡೆ ಕಡಿಮೆ.

ಇನ್ನೂರು ವರ್ಷಗಳ ಹಿಂದೆ ಸರಿಯಾದ ಕ್ರಮವನ್ನು ಒಬ್ಬ ತರುಣ ವಿಜ್ಞಾನಿ ತೋರಿಸಿಕೊಟ್ಟಿದ್ದಾನೆ. ಆಕಾಶದಿಂದ ಕಲ್ಲು ಬೀಳುತ್ತದೆಂಬುದು ಹಳ್ಳಿಗರ ಕಟ್ಟುಕತೆಯೆಂದು ಯೂರೋಪಿನ ಅನೇಕ ಪಂಡಿತರು ನಗುತ್ತಿದ್ದ ಕಾಲವದು. 1803ರ ಏಪ್ರಿಲ್ 26ರಂದು ಫ್ರಾನ್ಸಿನ ಲೇಗ್ಲ್ ಎಂಬ ಊರಿನ ಸುತ್ತ ಸ್ಫೋಟಗಳ ಸದ್ದಾಗಿ ಕಲ್ಲುಗಳ ಮಳೆಯೇ ಸುರಿಯಿತು. ಎರಡು ತಿಂಗಳಾದ ಮೇಲೆ ಜೀನ್ ಬ್ಯಾಪ್ಟಿಸ್ಟ್ ಬಿಯೋ ಅಲ್ಲಿಗೆ ಹೋದನು. ಅವನು ನೇರವಾಗಿ ಲೇಗ್ಲ್‌ಗೆ ಧಾವಿಸದೆ ದೂರದ ಊರುಗಳಿಂದಲೇ ವಿಚಾರಣೆಯನ್ನು ಆರಂಭಿಸಿ, ಸದ್ದು ಎಲ್ಲೆಲ್ಲಿ ಕೇಳಿಸಿತು, ಯಾವ ದಿಕ್ಕಿನಿಂದ ಬಂದಿತು ಎಂದು ಹಳ್ಳಿಯಿಂದ ಹಳ್ಳಿಗೆ ಕೇಳುತ್ತ ಸಾಗಿದನು. ಒಬ್ಬರನ್ನೊಬ್ಬರು ಅರಿಯದ ಜನರ ಮಾತುಗಳು ಒಂದಕ್ಕೊಂದು ತಾಳೆಯಾದವು. ಕಲ್ಲುಗಳು ಬಿದ್ದ ಪ್ರದೇಶವು ಒಂದು ಉದ್ದನೆಯ ದೀರ್ಘವೃತ್ತವೆಂದು ಕಂಡುಬಂದಿತು. ಬಿಯೋನ ವರದಿಯ ಮುಂದೆ ಪಂಡಿತರ ನಗೆ ನಿಂತಿತು. ಹಳ್ಳಿಗರ ಮಾತನ್ನು ಸಾಕ್ಷ್ಯವೆಂದು ತಿಳಿದು ತೂಗಿ ನೋಡಿದ್ದೇ ಅವನ ಹಿರಿಮೆ.

ಈ ದೃಷ್ಟಿಯಿಂದ 2021ರ ಸದ್ದನ್ನು ನೋಡಬೇಕು. ಅದು 11 ಗಂಟೆ 50 ನಿಮಿಷದಿಂದ 12 ಗಂಟೆ 15 ನಿಮಿಷದೊಳಗೆ ಕೇಳಿಸಿತೆಂದು ವರದಿಯಿದೆ. ಶಬ್ದವು ಗಾಳಿಯಲ್ಲಿ ಸೆಕೆಂಡಿಗೆ ಸುಮಾರು 340 ಮೀಟರ್ ಚಲಿಸುತ್ತದೆ. ಇಪ್ಪತ್ತೈದು ನಿಮಿಷಗಳಲ್ಲಿ ಅದು 500 ಕಿಲೋಮೀಟರಿಗಿಂತ ಹೆಚ್ಚು ದೂರ ಹೋಗಬಲ್ಲದು. ಕೆಂಗೇರಿಯಿಂದ ರಾಜಾಜಿನಗರಕ್ಕೆ ಹಕ್ಕಿ ಹಾರುವ ದಾರಿಯಲ್ಲಿ ಹನ್ನೆರಡು ಕಿಲೋಮೀಟರಿನಷ್ಟು. ಅಷ್ಟನ್ನು ದಾಟಲು ಶಬ್ದಕ್ಕೆ 35 ಸೆಕೆಂಡು ಸಾಕು. ಹೀಗಿರುವಾಗ, ಒಂದೋ ಸದ್ದು ಒಂದಕ್ಕಿಂತ ಹೆಚ್ಚು ಬಾರಿ ಆಗಿರಬೇಕು, ಇಲ್ಲವೇ ಕೇಳಿದವರು ಹೇಳಿದ ವೇಳೆ ನಿಖರವಲ್ಲ. ಯಾವುದು ಸರಿಯೆಂದು ಗೊತ್ತಾದರೆ ಅರ್ಧ ಒಗಟು ಬಿಡಿಸಿದಂತೆಯೇ.

ಇದಕ್ಕೆ ದೊಡ್ಡ ವೀಕ್ಷಣಾಲಯ ಬೇಕಾಗಿಲ್ಲ. ಕೆಂಗೇರಿ, ವಿಜಯನಗರ, ಬಸವೇಶ್ವರನಗರಗಳ ಮೂರು ನಾಲ್ಕು ಶಾಲೆಗಳ ಮಾಳಿಗೆಯ ಮೇಲೆ ಗಾಳಿಯ ಒತ್ತಡದ ಸೂಕ್ಷ್ಮ ಬದಲಾವಣೆಯನ್ನು ಗುರುತಿಸುವ ಉಪಕರಣಗಳನ್ನು ಸರಿಯಾದ ಗಡಿಯಾರದೊಡನೆ ಇಟ್ಟರೆ ಸಾಕು. ಅಲೆ ಎಲ್ಲಿ ಮೊದಲು ಮುಟ್ಟಿತು, ಎಲ್ಲಿ ಎಷ್ಟು ಸೆಕೆಂಡು ತಡವಾಯಿತು ಎಂಬುದರಿಂದ ಅದು ಬಂದ ದಿಕ್ಕು ಹೊರಬೀಳುತ್ತದೆ. ನೆತ್ತಿಯ ಮೇಲೆ ಬಹಳ ಎತ್ತರದಲ್ಲಿ ಹುಟ್ಟಿದ್ದರೆ ಎಲ್ಲ ಕಡೆಗೂ ಬಹುಮಟ್ಟಿಗೆ ಒಟ್ಟಿಗೇ ಮುಟ್ಟುತ್ತದೆ. ಪಕ್ಕದ ಕಲ್ಲುಗಣಿಯ ಸಿಡಿಮದ್ದಾದರೆ ಹಾಗಾಗದು. ವಿಮಾನಗಳ ಹಾರಾಟದ ವೇಳೆಯನ್ನು ರಕ್ಷಣಾ ಇಲಾಖೆ ಆಗಿಂದಾಗಲೇ ಹೋಲಿಸಿ ನೋಡಿ ಹೌದು ಅಥವಾ ಅಲ್ಲ ಎಂದರೆ ಉಳಿದದ್ದು ಹಗುರಾಗುತ್ತದೆ. ದೊಡ್ಡ ಉಲ್ಕೆಗಳ ಹೊಳಪನ್ನು ಅಮೆರಿಕದ ಉಪಗ್ರಹಗಳು ದಾಖಲಿಸುತ್ತವೆ. ಆ ಪಟ್ಟಿಯನ್ನು ಯಾವ ವಿದ್ಯಾರ್ಥಿಯಾದರೂ ನೋಡಬಹುದು.

ಯಾರಿಗೂ ಗಾಯವಾಗದ ಒಂದು ಸದ್ದಿಗಾಗಿ ಇಷ್ಟು ಶ್ರಮವೇಕೆ ಎಂದು ಕೇಳುವವರಿದ್ದಾರೆ. 2013ರ ಫೆಬ್ರವರಿ 15ರ ಬೆಳಗಿನವರೆಗೆ ರಷ್ಯದ ಚೆಲ್ಯಾಬಿನ್ಸ್ಕ್ ನಗರದ ಜನರೂ ಹಾಗೆ ಕೇಳಬಹುದಾಗಿತ್ತು. ಅಂದು ಸುಮಾರು 20 ಮೀಟರ್ ಅಡ್ಡಳತೆಯ ಬಂಡೆಯೊಂದು, ಯಾರಿಗೂ ಮುಂಚಿತವಾಗಿ ತಿಳಿಯದಂತೆ, ಸೂರ್ಯನ ದಿಕ್ಕಿನಿಂದ ಬಂದು ಸುಮಾರು 30 ಕಿಲೋಮೀಟರ್ ಎತ್ತರದಲ್ಲಿ ಸಿಡಿಯಿತು. ಕಣ್ಣು ಕೋರೈಸುವ ಬೆಳಕನ್ನು ಕಂಡ ಜನರು ಕಿಟಕಿಗಳ ಬಳಿಗೆ ಓಡಿದರು. ಆಘಾತ ತರಂಗ ನಗರವನ್ನು ಮುಟ್ಟಲು ಎರಡು ನಿಮಿಷಗಳಿಗೂ ಹೆಚ್ಚು ಕಾಲ ಹಿಡಿಯಿತು; ಆಗಲೂ ಅವರು ಕಿಟಕಿಯ ಬಳಿಯಲ್ಲಿಯೇ ಇದ್ದರು. ಗಾಯಗೊಂಡವರು ಸುಮಾರು 1,500 ಮಂದಿ. ಬಹುತೇಕ ಗಾಯಗಳು ಒಡೆದ ಗಾಜಿನಿಂದಾದವು. ಅದೇ ನಗರದ ಶಾಲೆಯೊಂದರಲ್ಲಿ ನಾಲ್ಕನೆಯ ತರಗತಿಯ ಅಧ್ಯಾಪಕಿಯೊಬ್ಬರು ಆ ಬೆಳಕು ಏನೆಂದು ತಿಳಿಯದಿದ್ದರೂ 44 ಮಕ್ಕಳನ್ನು ಮೇಜುಗಳ ಕೆಳಗೆ ಅಡಗಲು ಹೇಳಿದರು. ಕಿಟಕಿಗಳು ಸಿಡಿದಾಗ ಗಾಜಿನ ಚೂರುಗಳು ತಗುಲಿದ್ದು ನಿಂತಿದ್ದ ಅವರೊಬ್ಬರಿಗೇ.