ಅನುವಾದ ಎಲ್ಲಿ ಅಂತ ಕೇಳೋ ಮೊದಲು...

ಈ ಬರಹಕ್ಕೆ ಕಾರಣ ನನ್ನ ಗೆಳೆಯ. ಒಂದೇ ಕಾಲೇಜಲ್ಲಿ ಇಂಜಿನಿಯರಿಂಗ್ ಮುಗಿಸಿದವರು ನಾವು. ಒಂದೇ ಪ್ರಾಜೆಕ್ಟಿಗೆ ಅಂತ ಟೆಕ್ಸಾಸ್‌ಗೆ ಬಂದು, ಒಂದೇ ಅಪಾರ್ಟ್‌ಮೆಂಟಿನಲ್ಲಿ ಅನ್ನ ಸಾರು ಮಾಡ್ಕೊಂಡು ಒಂದೂವರೆ ವರ್ಷ ಕಳೆದವರು. ನನಗಿಂತ ಹೆಚ್ಚು ಓದಿಕೊಂಡವನು ಅವನು. ಅವನಿಗೆ ಗ್ಲೋರಿಯಾ ಅನ್ಸಾಲ್ದೂವಾ ಬರೆದ 'ಬಾರ್ಡರ್‌ಲ್ಯಾಂಡ್ಸ್/ಲಾ ಫ್ರೊಂತೆರಾ' (1987) ಓದು ಅಂತ ಕೊಟ್ಟೆ. ನಾಲ್ಕನೇ ದಿನಕ್ಕೆ ಪುಸ್ತಕ ಊಟದ ಟೇಬಲ್ಲಿಗೆ ವಾಪಸ್ ಬಂತು, ಜೊತೆಗೆ ಮೂರು ತಕರಾರು.

ಒಂದು: "ಅರ್ಧ ಇಂಗ್ಲಿಷು, ಅರ್ಧ ಸ್ಪ್ಯಾನಿಷು, ಎಷ್ಟೋ ಕಡೆ ಅನುವಾದನೇ ಇಲ್ಲ. ಓದೋನಿಗೆ ಒಂದು ಮರ್ಯಾದೆ ಬೇಡ್ವಾ?"
ಎರಡು: "ಅವರ ಜನ ಕಷ್ಟಪಟ್ಟು ಒಂದು ಚಳವಳಿ ಕಟ್ಟಿದ್ರು, ಇವರು ಹೆಂಗಸರ ಪ್ರಶ್ನೆ ಅಂತ ತಂದು ಅದನ್ನ ಒಡೆದ್ರು."
ಮೂರು: "ಇದು ಸಾಹಿತ್ಯ ಅಲ್ಲ ಮಾರಾಯ, ದೂರು ಅರ್ಜಿ."

ಅವತ್ತು ನನಗೆ ಸರಿಯಾಗಿ ಉತ್ತರ ಕೊಡೋಕಾಗ್ಲಿಲ್ಲ. ಜಗಳದಲ್ಲಿ ಒಳ್ಳೆ ಉತ್ತರಗಳೆಲ್ಲ ಹೊಳೆಯೋದು ಪಾತ್ರೆ ತೊಳೆಯುವಾಗ :-) ಹಾಗಾಗಿ ಇಲ್ಲಿ ಬರೀತಿದ್ದೀನಿ.

ಮೊದಲು ನನ್ನ ದಡ್ಡತನ ಒಪ್ಪಿಕೊಂಡುಬಿಡ್ತೀನಿ. ನಮ್ಮ ಟೆಸ್ಟಿಂಗ್ ಟೀಮಿನಲ್ಲಿ ಒಬ್ಬಾಕೆ ಇದ್ದರು, ಮನೆ ಟೆಕ್ಸಾಸಿನ ದಕ್ಷಿಣ ತುದಿ, ರಿಯೋ ಗ್ರಾಂಡೆ ನದಿಯ ಬಯಲು. ಹೆಸರು ನೋಡಿ "ಮೆಕ್ಸಿಕೋದಿಂದ ಯಾವಾಗ ಬಂದ್ರಿ?" ಅಂತ ಕೇಳಿದೆ. ಆಕೆ ನಕ್ಕು, "ನಾವು ಎಲ್ಲಿಂದಲೂ ಬಂದಿಲ್ಲ. ಅಲ್ಲೇ ಇದ್ದೆವು, ಗಡಿ ನಮ್ಮನ್ನ ದಾಟಿ ಹೋಯ್ತು" ಅಂದರು. ಯುದ್ಧ ಮುಗಿದು 1848ರಲ್ಲಿ ಗ್ವಾದಲುಪೆ ಹಿದಾಲ್ಗೋ ಒಪ್ಪಂದ ಆದಾಗ ಮೆಕ್ಸಿಕೋ ಹೆಚ್ಚುಕಡಿಮೆ ತನ್ನ ಅರ್ಧ ನೆಲ ಕಳಕೊಂಡಿತು. ಆ ನೆಲದ ಮೇಲಿದ್ದ ಜನ ತಮ್ಮ ಮನೆಯಲ್ಲಿ ಕೂತಿದ್ದ ಹಾಗೇ ಬೇರೆ ದೇಶದವರಾದರು. ಎರಡು ವರ್ಷದ ವೀಸಾ ಹಿಡಿದು ಬಂದ ನಾನು, ತಲೆಮಾರುಗಳಿಂದ ಅಲ್ಲೇ ಇದ್ದವರನ್ನ ಯಾವಾಗ ಬಂದ್ರಿ ಅಂತ ಕೇಳಿದ್ದೆ! ಪುಸ್ತಕ ಕೊಟ್ಟಿದ್ದು ಆಕೆಯೇ.

ಈಗ ಮೊದಲನೇ ತಕರಾರು. ಅನ್ಸಾಲ್ದೂವಾ ಹುಟ್ಟಿದ್ದು 1942ರಲ್ಲಿ, ಅದೇ ನದಿ ಬಯಲಿನಲ್ಲಿ. ಶಾಲೆಯ ಆಟದ ಬಿಡುವಿನಲ್ಲಿ ಸ್ಪ್ಯಾನಿಷ್ ಮಾತಾಡಿ ಸಿಕ್ಕಿಬಿದ್ದಿದ್ದಕ್ಕೆ ಬೆರಳಗಂಟಿನ ಮೇಲೆ ರೂಲರ್ ಪೆಟ್ಟು ಬಿತ್ತು ಅಂತ ಬರೀತಾರೆ. ಕಾಲೇಜಿಗೆ ಬಂದರೆ ಚಿಕಾನೋ ವಿದ್ಯಾರ್ಥಿಗಳೆಲ್ಲ ಉಚ್ಚಾರಣೆ ತಿದ್ದಿಸಿಕೊಳ್ಳೋ ತರಗತಿಗೆ ಕಡ್ಡಾಯವಾಗಿ ಕೂರಬೇಕು. ಆ ಕಡೆ ಇಂಗ್ಲಿಷಿನವರು ಹೀಗಾದರೆ ಈ ಕಡೆ 'ಶುದ್ಧ' ಸ್ಪ್ಯಾನಿಷಿನವರು, ನೀನು ನಮ್ಮ ಭಾಷೆ ಕೆಡಿಸ್ತಿದ್ದೀಯ ಅಂತ ಮೂಗು ಮುರಿಯೋರು. ಎರಡೂ ಮನೆಯಿಂದ ಆಚೆ ಹಾಕಿಸಿಕೊಂಡ ಭಾಷೆ ಅದು. ಆ ಭಾಷೆಯಲ್ಲೇ ಪುಸ್ತಕ ಬರೆದು, ಹೆಜ್ಜೆಹೆಜ್ಜೆಗೂ ಅನುವಾದ ಕೊಟ್ಟು ಕ್ಷಮೆ ಕೇಳಲ್ಲ ಅಂತ ಹಟ ಹಿಡಿದರು. ಓದುವವನು ಅಲ್ಲಲ್ಲಿ ಮುಗ್ಗರಿಸಲಿ ಅನ್ನೋದು ಮರೆವಲ್ಲ, ಬೇಕಂತಲೇ ಮಾಡಿದ್ದು. ಜೀವನಪೂರ್ತಿ ಇನ್ನೊಬ್ಬರ ಭಾಷೆಯಲ್ಲಿ ಮುಗ್ಗರಿಸಿದವರು, ನಮ್ಮನ್ನ ನಾಲ್ಕು ಪುಟ ಮುಗ್ಗರಿಸಿ ಅಂದರೆ ನಮಗೆ ಮರ್ಯಾದೆ ನೆನಪಾಗುತ್ತೆ!

ಇಲ್ಲಿ ಬ್ಲಾಗಿಗ ಮಿತ್ರರಿಗೂ ಒಂದು ಮಾತು. 'ನೋಡಿ, ಅವರೂ ಭಾಷೆ ಬೆರೆಸಿದ್ದಾರೆ' ಅಂತ ನಮ್ಮ ಕಂಗ್ಲಿಷಿಗೆ ಅನ್ಸಾಲ್ದೂವಾ ಅವರನ್ನ ಸಾಕ್ಷಿಗೆ ಕರೀಬೇಡಿ. ನಾನೇ ಈ ಬರಹದಲ್ಲಿ ಎಷ್ಟು ಇಂಗ್ಲಿಷ್ ತುರುಕಿದ್ದೀನಿ, ಅದಕ್ಕೆ ಯಾರೂ ನನ್ನ ಬೆರಳಿಗೆ ಹೊಡೆದಿಲ್ಲ. ಬೆರೆಸಿದರೆ ಇಂಟರ್‌ವ್ಯೂನಲ್ಲಿ ಒಂದು ಮಾರ್ಕು ಜಾಸ್ತಿನೇ ಸಿಕ್ಕಿದೆ. ಅವರು ಬೆರೆಸಿದ್ದು ಪೆಟ್ಟು ತಿಂದು, ನಾನು ಬೆರೆಸೋದು ಅಭ್ಯಾಸಬಲದಿಂದ. ಎರಡೂ ಒಂದೇ ಅಲ್ಲ.

ಎರಡನೇದು, ಚಳವಳಿ ಒಡೆದರು ಅನ್ನೋದು. 1969ರಲ್ಲಿ ಡೆನ್ವರ್‌ನಲ್ಲಿ ಚಿಕಾನೋ ಯುವಜನರ ದೊಡ್ಡ ಸಮ್ಮೇಳನ ನಡೀತು. ಅಲ್ಲಿ ಹೆಣ್ಣುಮಕ್ಕಳ ಗೋಷ್ಠಿಯ ವರದಿ ಅಂತ ವೇದಿಕೆಯಿಂದ ಓದಿದ್ದು ಏನು ಗೊತ್ತಾ? ಚಿಕಾನಾ ಹೆಣ್ಣಿಗೆ ಬಿಡುಗಡೆ ಬೇಕಿಲ್ಲ, ಇದು ನಮ್ಮ ಒಮ್ಮತ ಅಂತ! ಎರಡೇ ವರ್ಷದಲ್ಲಿ, 1971ರಲ್ಲಿ, ಕ್ಯಾಲಿಫೋರ್ನಿಯಾದ ಲಾಂಗ್ ಬೀಚಿನಲ್ಲಿ ಆನಾ ನಿಯೆತೋ-ಗೋಮೆಸ್ ಮತ್ತು ಗೆಳತಿಯರು 'ಇಹಾಸ್ ದೆ ಕ್ವಾವ್‌ತೆಮೋಕ್' ಅನ್ನೋ ಪತ್ರಿಕೆ ತಂದರು. ಅದೇ ವರ್ಷ ಹ್ಯೂಸ್ಟನ್‌ನಲ್ಲಿ ಸುಮಾರು 600 ಹೆಂಗಸರು ತಮ್ಮದೇ ಸಮ್ಮೇಳನಕ್ಕೆ ಸೇರಿದರು. ಬಸಿರು ಬೇಕೋ ಬೇಡವೋ ಅನ್ನೋದನ್ನ ನಾವೇ ತೀರ್ಮಾನ ಮಾಡ್ತೀವಿ, ಮಕ್ಕಳನ್ನ ನೋಡಿಕೊಳ್ಳೋ ವ್ಯವಸ್ಥೆ ಬೇಕು ಅಂತ ಕೇಳಿದರು. ಅಲ್ಲೂ ಒಂದು ಪಂಗಡ ಎದ್ದು ಹೊರಗೆ ನಡೀತು. ಇದನ್ನೆಲ್ಲ ಮರೆಮಾಚಿ 'ಎಲ್ಲ ಚೆನ್ನಾಗಿತ್ತು' ಅಂತ ಬರೆಯಬೇಕಿತ್ತಾ? ಮೆರವಣಿಗೆಗೆ ಬೋರ್ಡು ಬರೆದವರು, ಅಡಿಗೆ ಮಾಡಿದವರು, ಟೈಪ್ ಮಾಡಿದವರು ನಮಗೂ ಮೈಕ್ ಕೊಡಿ ಅಂದರೆ ಒಡೆದ ಹಾಗಾ? ಬಿರುಕು ಮೊದಲೇ ಇತ್ತು. ಇವರು ಅದಕ್ಕೆ ದೀಪ ಹಿಡಿದರು, ಅಷ್ಟೇ. ಬಿಳಿಯರ ಸ್ತ್ರೀವಾದವನ್ನೂ ಬಿಡಲಿಲ್ಲ. ಶೆರೀ ಮೊರಾಗಾ ಮತ್ತು ಅನ್ಸಾಲ್ದೂವಾ ಸೇರಿ 1981ರಲ್ಲಿ ತಂದ 'ದಿಸ್ ಬ್ರಿಡ್ಜ್ ಕಾಲ್ಡ್ ಮೈ ಬ್ಯಾಕ್' ಸಂಕಲನದಲ್ಲಿ ಆ ಮನೆಯ ಹುಳುಕನ್ನೂ ಅಷ್ಟೇ ನೇರವಾಗಿ ಹೇಳಿದರು.

ಇನ್ನು 'ದೂರು ಅರ್ಜಿ'. ಇದಕ್ಕೆ ನನಗೆ ನಿಜಕ್ಕೂ ಸಿಟ್ಟು ಬಂತು, ಯಾಕಂದ್ರೆ ಮೊದಲ ಸಲ ನಾನೂ ಹಾಗೇ ಓದಿದ್ದೆ. ಸಾಂಡ್ರಾ ಸಿಸ್ನೆರೋಸ್ ಅವರ 'ದಿ ಹೌಸ್ ಆನ್ ಮ್ಯಾಂಗೋ ಸ್ಟ್ರೀಟ್' (1984) ಶಿಕಾಗೋದ ಒಂದು ಬೀದಿಯ ಹುಡುಗಿಯ ಕಥೆ, ಪುಟ್ಟಪುಟ್ಟ 44 ಅಧ್ಯಾಯ. ಮುದ್ದಾಗಿದೆ ಅಂದ್ಕೊಂಡು ಮುಚ್ಚಿಟ್ಟೆ. ಎರಡನೇ ಸಲ ಓದುವಾಗ ಕಿಟಕಿಗಳು ಕಣ್ಣಿಗೆ ಬಿದ್ದವು. ಹುಡುಗಿಯ ಮುತ್ತಜ್ಜಿಯನ್ನ ಗಂಡ ಎತ್ತಿಕೊಂಡು ಬಂದಿದ್ದು, ಆಕೆ ಬದುಕಿಡೀ ಕಿಟಕಿಯಲ್ಲಿ ಕೂತು ಹೊರಗೆ ನೋಡಿದ್ದು. ರಫಾಯೆಲಾ ಚೆಂದ ಇದ್ದಾಳೆ ಅಂತ ಗಂಡ ಬೀಗ ಹಾಕಿ ಹೋಗೋದು, ಅವಳಿಗೂ ಕಿಟಕಿಯೇ. ಇಂಗ್ಲಿಷ್ ಬಾರದೆ ಮನೆಯಿಂದ ಇಳಿಯದ ಹೆಂಗಸು, ಅವಳಿಗೂ ಕಿಟಕಿ. ಅಪ್ಪನ ಹೊಡೆತ ತಪ್ಪಿಸಿಕೊಳ್ಳೋಕೆ ಎಳೇ ವಯಸ್ಸಲ್ಲೇ ಮದುವೆಯಾದ ಸ್ಯಾಲಿಗೆ ಗಂಡ ಕಿಟಕಿಯಿಂದ ನೋಡೋಕೂ ಬಿಡಲ್ಲ. ಯಾರ ಮೇಲೂ ಕೂಗಾಡದೆ, ಒಂದೊಂದೇ ಕಿಟಕಿ ಇಟ್ಟು ಒಂದು ಬೀದಿಯ ಹೆಂಗಸರ ಇತಿಹಾಸ ಹೇಳೋದನ್ನ ಯಾವ ಕಛೇರಿಯ ಅರ್ಜಿಯಲ್ಲಿ ನೋಡಿದ್ದೀಯಪ್ಪಾ ಗೆಳೆಯಾ?

ವಿಮರ್ಶೆಗೂ ಇದೇ ಮಾತು. ಮಲಿಂತ್ಸಿನ್ ಅನ್ನೋ ಹುಡುಗಿಯನ್ನ 1519ರಲ್ಲಿ ಸ್ಪ್ಯಾನಿಷ್ ದಂಡನಾಯಕ ಕೊರ್ತೆಸ್‌ಗೆ ಕಾಣಿಕೆಯಾಗಿ ಕೊಟ್ಟರು, 20 ಜನ ಹೆಣ್ಣುಮಕ್ಕಳ ಪೈಕಿ ಒಬ್ಬಳಾಗಿ. ನಾವಾತ್ಲ್, ಮಾಯಾ ಎರಡೂ ಭಾಷೆ ಬರುತ್ತಿದ್ದ ಕಾರಣ ಅವಳು ದುಭಾಷಿಯಾದಳು. ಕೊರ್ತೆಸ್ ಜೊತೆ ಸೇರಿ ಅಜ್ಟೆಕರ ಮೇಲೆ ಯುದ್ಧಕ್ಕೆ ಹೋದವರು ತ್ಲಾಸ್ಕಲಾದ ಸಾವಿರಾರು ಗಂಡಸರು. ಆದರೆ ಮೆಕ್ಸಿಕೋದಲ್ಲಿ ದ್ರೋಹಿ ಅನ್ನೋದಕ್ಕೆ ಬಯ್ಗುಳವಾಗಿ ಉಳಿದಿದ್ದು ಈ ಒಬ್ಬಳ ಹೆಸರು. 1950ರಲ್ಲಿ ಆಕ್ಟಾವಿಯೋ ಪಾಸ್‌ರಂಥ ದೊಡ್ಡ ಕವಿಯೂ ಅವಳನ್ನ ಮೋಸಹೋದ, ಕೆಟ್ಟ ತಾಯಿಯ ಸಂಕೇತ ಮಾಡಿ ಪ್ರಬಂಧ ಬರೆದರು. ಅಡೆಲಾಯ್ಡಾ ದೆಲ್ ಕಾಸ್ತಿಯೋ, ನೋರ್ಮಾ ಅಲಾರ್ಕೋನ್ ಅವರಂಥ ಚಿಕಾನಾ ವಿಮರ್ಶಕರು ಕೇಳಿದ ಪ್ರಶ್ನೆ ಸರಳ: ದಾಸಿಯಾಗಿ ಕೈ ಬದಲಾದವಳು ಯಾರಿಗೆ ದ್ರೋಹ ಮಾಡೋಕೆ ಸಾಧ್ಯ? ಆಮೇಲೆ ಗೊತ್ತಾಯ್ತು, ಸ್ತ್ರೀವಾದ ಮಾತಾಡಿದ ಚಿಕಾನಾಗಳಿಗೆ ಚಳವಳಿಯ ಗಂಡಸರು ಇಟ್ಟ ಹೆಸರೂ ಅದೇ, 'ಮಲಿಂಚಿಸ್ತಾ'. ಹಳೇ ಬಯ್ಗುಳ, ಹೊಸ ಬೆನ್ನು.

ಚಿತ್ರಕಲೆಯಲ್ಲೂ ಇದನ್ನೇ ನೋಡಿ. ಯೋಲಾಂಡಾ ಲೋಪೆಜ್ 1978ರಲ್ಲಿ ಗ್ವಾದಲುಪೆ ಮಾತೆಯ ರೂಪದಲ್ಲಿ ಮೂರು ಚಿತ್ರ ಮಾಡಿದರು. ಒಂದರಲ್ಲಿ ಅಜ್ಜಿ, ಒಂದರಲ್ಲಿ ಹೊಲಿಗೆ ಮಿಷನ್ನಿನ ಮುಂದೆ ದೇವಿಯ ನಕ್ಷತ್ರದ ಮೇಲುವಸ್ತ್ರವನ್ನೇ ಹೊಲೀತಿರೋ ಅಮ್ಮ, ಇನ್ನೊಂದರಲ್ಲಿ ಓಡೋ ಶೂ ಹಾಕಿಕೊಂಡು ಹಾರಿ ಬರ್ತಿರೋ ತಾನೇ. ದೇವಿಯನ್ನ ಕೆಳಗೆ ಎಳೆದಿದ್ದಲ್ಲ, ಹೊಲಿಗೆಯವಳ ತಲೆಯ ಸುತ್ತ ಪ್ರಭಾವಳಿ ಇಟ್ಟಿದ್ದು.

ಎಲ್ಲವೂ ಒಪ್ಪಿಗೆ ಅಂತಲ್ಲ. ಅನ್ಸಾಲ್ದೂವಾ ಅಜ್ಟೆಕ್ ದೇವತೆಗಳ ಬಗ್ಗೆ ಬರೆಯುವಾಗ ಇವತ್ತು ಬದುಕಿರೋ ಮೂಲನಿವಾಸಿಗಳು ಪುರಾಣದ ಹೊಗೆಯಲ್ಲಿ ಮರೆಯಾಗ್ತಾರೆ ಅನ್ನೋ ಆಕ್ಷೇಪ ಇದೆ, ನನಗೂ ಅದು ಸರಿ ಅನ್ಸುತ್ತೆ. ಆದರೆ ಇದು ಪುಸ್ತಕ ಪೂರ್ತಿ ಓದಿದವರು ಎತ್ತಿದ ಆಕ್ಷೇಪ, ನಾಲ್ಕನೇ ದಿನಕ್ಕೆ ವಾಪಸ್ ಮಾಡಿದವರದ್ದಲ್ಲ.

ಇದೆಲ್ಲ ಬರೀ ಓದಿನ ಚಟ ಅನ್ನೋರಿಗೆ ಅರಿಜೋನಾದ ಕಥೆ ಹೇಳ್ತೀನಿ. ಅಲ್ಲಿ 2010ರಲ್ಲಿ ಒಂದು ಕಾನೂನು ಬಂತು. 2012ರ ಜನವರಿಯಲ್ಲಿ ಟುಸಾನ್ ನಗರದ ಶಾಲೆಗಳಲ್ಲಿದ್ದ ಮೆಕ್ಸಿಕನ್ ಅಮೆರಿಕನ್ ಅಧ್ಯಯನದ ತರಗತಿಗಳನ್ನ ನಿಲ್ಲಿಸಿ, ಓದಿಸ್ತಿದ್ದ ಕೆಲವು ಪುಸ್ತಕಗಳನ್ನ ಡಬ್ಬಕ್ಕೆ ತುಂಬಿ ಉಗ್ರಾಣಕ್ಕೆ ಸಾಗಿಸಿದರು. ಇದರ ಹಿಂದೆ ಜನಾಂಗ ದ್ವೇಷ ಇತ್ತು ಅಂತ ಫೆಡರಲ್ ನ್ಯಾಯಾಧೀಶರು ತೀರ್ಪು ಕೊಟ್ಟಿದ್ದು 2017ರಲ್ಲಿ. ಅಷ್ಟರಲ್ಲಿ ಆ ಬೆಂಚುಗಳಲ್ಲಿದ್ದ ಮಕ್ಕಳು ಶಾಲೆ ಮುಗಿಸಿ ಹೋಗಿಯಾಗಿತ್ತು. ಇವರ ಸಾಹಿತ್ಯವನ್ನ 'ದೂರು' ಅಂತ ತಳ್ಳಿಹಾಕೋ ಮಾತು ಊಟದ ಟೇಬಲ್ಲಿನಲ್ಲಿ ಬರೀ ಅಭಿಪ್ರಾಯ. ಕಾನೂನು ಮಾಡೋರ ಬಾಯಿಗೆ ಹೋದರೆ ಅದೇ ಮಾತು ಡಬ್ಬ ಆಗುತ್ತೆ, ಬೀಗ ಆಗುತ್ತೆ.

ಪುಸ್ತಕ ಕೊಟ್ಟ ಆಕೆಗೆ ಸ್ಪ್ಯಾನಿಷ್ ತಡವರಿಸುತ್ತೆ. ಅಜ್ಜಿಗೆ ಶಾಲೆಯಲ್ಲಿ ಬಿದ್ದ ಪೆಟ್ಟಿನಿಂದ ಹೆದರಿ ಅಮ್ಮ ಮಕ್ಕಳ ಹತ್ರ ಇಂಗ್ಲಿಷಿನಲ್ಲೇ ಮಾತಾಡಿದರಂತೆ. "ಈ ಪುಸ್ತಕದಲ್ಲಿ ನನಗೂ ಕೆಲವು ಸಾಲು ಅರ್ಥ ಆಗಲ್ಲ. ಆಗದೇ ಇರೋ ಆ ಸಾಲುಗಳೇ ನನ್ನ ಕಥೆ" ಅಂದಿದ್ದರು. ಅನುವಾದ ಎಲ್ಲಿ ಅಂತ ಕೇಳೋ ಹಕ್ಕು ಯಾರಿಗಾದರೂ ಇದ್ದರೆ ಅದು ಆಕೆಗೆ. ಆಕೆ ಕೇಳಲಿಲ್ಲ.

ಗೆಳೆಯಾ, ಪುಸ್ತಕ ಇನ್ನೂ ಟೇಬಲ್ಲಿನ ಮೇಲೇ ಇದೆ. ಐದನೇ ದಿನದಿಂದ ಶುರು ಮಾಡು.